ದಂಪತಿವಿವಾದೇ ರಕ್ಷಣಾಧಿಕರಣ

ದಂಪತಿಗಳ ವಿವಾದದಲ್ಲಿ ಒಬ್ಬರ ದೇಹಕ್ಕೆ ಸನ್ನಿಹಿತವಾದ ಅಪಾಯವನ್ನು ತಡೆಯಲು ನ್ಯಾಯಾಲಯವು ಪೊಲೀಸರಿಗೆ ವಿಧಿಸುವ ಕರ್ತವ್ಯವೇ ರಕ್ಷಣೆ. ‘ಸನ್ನಿಹಿತ’ ಎಂಬುದರಿಂದ ಗತಾಪರಾಧದ ದಂಡನೆಯೂ ‘ದೇಹ’ ಎಂಬುದರಿಂದ ವಿಚ್ಛೇದನ, ಜೀವನಾಂಶಗಳ ನಿರ್ಣಯವೂ ವ್ಯಾವೃತ್ತ.

ಇದು ದ್ವಿವಿಧ. 2005ರ ಕೌಟುಂಬಿಕ ಹಿಂಸೆಯಿಂದ ಮಹಿಳೆಯರ ಸಂರಕ್ಷಣಾ ಅಧಿನಿಯಮದ 18, 19ನೇ ಪ್ರಕರಣಗಳ ಆದೇಶಕ್ಕೆ ಅಂಗವಾಗಿ ಮ್ಯಾಜಿಸ್ಟ್ರೇಟರು ಠಾಣಾಧಿಕಾರಿಗೆ ಕೊಡುವ ನಿರ್ದೇಶ ಒಂದು. ಸಂವಿಧಾನದ 226ನೇ ಅನುಚ್ಛೇದದ ರಿಟ್ ಇನ್ನೊಂದು. ಮೊದಲನೆಯದಕ್ಕೆ ಸ್ತ್ರೀಯೇ ಅಧಿಕಾರಿಣಿ. ಎರಡನೆಯದು ಪತಿಗೂ ಲಭ್ಯ; 21ನೇ ಅನುಚ್ಛೇದ ಕಾಯುವುದು ಪ್ರತಿಯೊಬ್ಬರ ಜೀವವನ್ನು.

ದಂಪತಿಕಲಹ ರಾಜದ್ವಾರಕ್ಕೆ ಬರತಕ್ಕದ್ದೇ ಅಲ್ಲ, ಸ್ಮೃತಿಯೇ ನಿಷೇಧಿಸಿದೆ ಎಂಬುದು ಪ್ರಬಲ ಪೂರ್ವಪಕ್ಷ. ಗುರುಶಿಷ್ಯರ, ಪಿತಾಪುತ್ರರ, ದಂಪತಿಗಳ ಪರಸ್ಪರ ವಿರೋಧದಲ್ಲಿ ವ್ಯವಹಾರ ಸಿದ್ಧಿಸದೆಂಬ ವಚನ ಉಂಟು, ನಿಜ. ಆದರೆ ಕಲ್ಯಾಣದ ಆರನೆಯ ವಿಕ್ರಮಾದಿತ್ಯನ ಕಾಲದ ವಿಜ್ಞಾನೇಶ್ವರನು ಮಿತಾಕ್ಷರೆಯಲ್ಲಿ ಅದನ್ನು ಆತ್ಯಂತಿಕ ನಿಷೇಧವೆಂದು ಒಪ್ಪಲಿಲ್ಲ; ಗುರು ಮಿತಿಮೀರಿ ಶಿಷ್ಯನನ್ನು ಹೊಡೆದರೆ ಶಿಷ್ಯನ ದೂರು ಗ್ರಾಹ್ಯವೆಂದನು. ಕಾಶಿಯ ಧರ್ಮಶಾಸ್ತ್ರ ಸಂಪ್ರದಾಯಕ್ಕೆ ಪ್ರಮಾಣವಾದದ್ದು ಕನ್ನಡನಾಡಿನ ಈ ಗ್ರಂಥವೇ. ಆದ್ದರಿಂದ ಕಾಶಿಯಲ್ಲಿ ನಿಂತು ಸ್ಮೃತಿಯ ಹೆಸರಿನಲ್ಲಿ ಹೆಣ್ಣನ್ನು ಹಿಂದಕ್ಕೆ ಕಳಿಸುವವನು ಸ್ಮೃತಿಯನ್ನೇ ಅರಿಯನು.

ದೇಶವಿಚಾರ. ಗಂಡನ ಮನೆ ಧಾರವಾಡದಲ್ಲಿ. ಪ್ರಾಣಭಯದಿಂದ ಕಾಶಿಯ ಅಸ್ಸಿ ಬಡಾವಣೆಯ ಬಂಧುಗಳಲ್ಲಿ ಆಸರೆ ಪಡೆದವಳು ಎಲ್ಲಿ ಅರ್ಜಿ ಹಾಕಬೇಕು? ಹಿಂಸೆ ನಡೆದಲ್ಲಿಯೇ ಎಂದರೆ, ಅಲ್ಲ. 2005ರ ಅಧಿನಿಯಮದ 27ನೇ ಪ್ರಕರಣ ತಾತ್ಕಾಲಿಕ ವಾಸವನ್ನೂ ನಿಮಿತ್ತವಾಗಿ ಸ್ವೀಕರಿಸಿರುವುದರಿಂದ ವಾರಾಣಸಿಯಲ್ಲಿಯೂ ಹಾಕಬಹುದು. ಹಾಗಾದರೆ ಘಾಟಿನ ಧರ್ಮಶಾಲೆಯಲ್ಲಿ ಎರಡು ರಾತ್ರಿ ತಂಗಿದ ಯಾತ್ರಿಕಳಿಗೂ ಪ್ರಾಪ್ತವಾಯಿತಲ್ಲ ಎಂಬ ಅತಿವ್ಯಾಪ್ತಿ ಬಾರದು: ವಸತಿಗೃಹದ ತಂಗುವಿಕೆಯೂ ದಾವೆಗಾಗಿಯೇ ಹೂಡಿದ ಬಿಡಾರವೂ ವಾಸವಲ್ಲವೆಂದು ದೆಹಲಿ ಉಚ್ಚ ನ್ಯಾಯಾಲಯ 2010ರಲ್ಲಿ ಸೀಮೆ ಹಾಕಿತು. ಯಾತ್ರಿಕರೇ ತುಂಬಿದ ಅಸ್ಸಿಯಲ್ಲಿ ಈ ಸೀಮೆಯನ್ನು ಮರೆಯಲಾಗದು.

ಕೇಳಿದ ಮಾತ್ರಕ್ಕೆ ರಕ್ಷಣೆ ಸಿಗುವುದೆ? ಇಲ್ಲ. ಹಿರಿಯರ ಇಚ್ಛೆ ಮೀರಿ ಮದುವೆಯಾದವರ ಮೊಕದ್ದಮೆಯಲ್ಲಿ, ನೈಜ ಬೆದರಿಕೆಯಿಲ್ಲದೆ ರಕ್ಷಣೆಯನ್ನು ಹಕ್ಕಾಗಿ ಕೇಳಲಾಗದೆಂದು ಅಲಹಾಬಾದ್ ಉಚ್ಚ ನ್ಯಾಯಾಲಯ 2025ರಲ್ಲಿ ಹೇಳಿತು. ದಂಪತಿವಿವಾದದಲ್ಲಿಯೂ ಭಯವೇ ನಿಮಿತ್ತ, ವೈಮನಸ್ಯವಲ್ಲ. ‘ಗಂಡನಿಂದ ತೊಂದರೆ ಇದೆ’ ಎಂಬ ಸಾಮಾನ್ಯೋಕ್ತಿ ಆ ನಿಮಿತ್ತವನ್ನು ಸಾಧಿಸದು. ಯಾವ ದಿನ, ಎಷ್ಟು ಹೊತ್ತಿಗೆ ಬಾಗಿಲು ಬಡಿದವರು ಯಾರು, ಏನೆಂದು ಬೆದರಿಸಿದರು, ಠಾಣೆಗೆ ಕೊಟ್ಟ ದೂರಿನ ಸ್ವೀಕೃತಿ ಎಲ್ಲಿ: ಇವು ಅರ್ಜಿಯಲ್ಲಿರಬೇಕು.

ಎದುರುಪಕ್ಷವನ್ನು ಕೇಳದೆ ಕೊಡುವ ಆದೇಶ ಅನ್ಯಾಯವಲ್ಲವೆ? ಅಲ್ಲ. ಅದೇ 2005ರ ಅಧಿನಿಯಮದ 23ನೇ ಪ್ರಕರಣ ಶಪಥಪತ್ರದ ಆಧಾರದಲ್ಲಿ ಅದಕ್ಕೆ ಅವಕಾಶ ಕೊಟ್ಟಿದೆ. ಪರಿಸ್ಥಿತಿ ಬದಲಾದರೆ 25ನೇ ಪ್ರಕರಣದಂತೆ ಅದನ್ನು ಮಾರ್ಪಡಿಸಲೂ ರದ್ದುಪಡಿಸಲೂ ಪತಿ ಕೇಳಬಹುದು. ತಡವಾಗಿ ಕೇಳಿದ ಪತಿಯ ವಾದಕ್ಕೆ ಪರಿಹಾರವುಂಟು, ತಡವಾಗಿ ಬಂದ ರಕ್ಷಣೆಗೆ ಇಲ್ಲ.