ಮಷೀನ್ ಓದ್ಯದ ಅಂದ್ರ ಯಾರು ಓದ್ಯಾರ?

ಕಳೆದ ವರ್ಷ ಒಂದು ಭಾನುವಾರ ಸಿಂಧನೂರಿನಿಂದ ದೊಡ್ಡವ್ವನ ಫೋನ್ ಬಂತು. ಹೈದರಾಬಾದಿನಲ್ಲಿರುವ ನಾವು ಕೆಲವು ಕನ್ನಡಿಗರು ಸೇರಿ ಹಳೆಯದೊಂದು ಮನೆಮದ್ದಿನ ಪುಸ್ತಕವನ್ನು ಮೊಬೈಲಿನಲ್ಲಿ ಓದುವಂತೆ ಮಾಡಿದ್ದೆವು. ಆಕೆ ಅದನ್ನೇ ಓದುತ್ತಿದ್ದಳು.

"ಏನಪಾ, ಈ ಚೂರ್ಣಕ್ಕ ಹಿಪ್ಪಲಿ ಆರು ಗುಂಜಿ ಹಾಕೋದೋ ಒಂಬತ್ತೋ? ಇಲ್ಲಿ ಒಂಬತ್ತು ಅದ. ನಮ್ಮವ್ವ ಅಷ್ಟು ಹಾಕ್ತಿದ್ದಿಲ್ಲ. ನೀ ನೋಡಿಯೇನು?"

"ಮಷೀನ್ ಓದ್ಯದ ದೊಡ್ಡವ್ವ. ಟೆಸ್ಟ್ ಮಾಡೀವಿ."

ಆಕೆ ಸ್ವಲ್ಪ ಹೊತ್ತು ಸುಮ್ಮನಿದ್ದು ಕೇಳಿದಳು: "ಮಷೀನ್ ಓದ್ಯದ ಅಂದ್ರ ಯಾರು ಓದ್ಯಾರ?"

ಸ್ಕ್ಯಾನ್ ತೆಗೆದು ನೋಡಿದೆ. ಆರೇ. ಹಳೆಯ ಅಚ್ಚಿನ ಮೊಳೆ ಸವೆದು ೬ರ ಬಾಲ ಮಸುಕಾಗಿತ್ತು. ಯಂತ್ರ ಅದನ್ನು ೯ ಎಂದು ಓದಿತ್ತು. ಹಿಪ್ಪಲಿ ಮೂರು ಗುಂಜಿ ಹೆಚ್ಚಾದರೆ ಯಾರೂ ಸಾಯುವುದಿಲ್ಲ. ಆದರೆ ಅದೇ ಪುಸ್ತಕದಲ್ಲಿ ಶುದ್ಧಿ ಮಾಡಿದ ವತ್ಸನಾಭಿಯ ಪ್ರಮಾಣವೂ ಇದೆ. ವತ್ಸನಾಭಿ ವಿಷ.

ನಮ್ಮ ಕಡತದ ಮೊದಲ ಪುಟದಲ್ಲಿ ನಾನೇ ಬರೆದಿದ್ದ ಒಂದು ಸಾಲಿತ್ತು: "ಪರೀಕ್ಷಿಸಲಾಗಿದೆ." ಅಂದಿನಿಂದ ಆ ಪದ ನನ್ನನ್ನು ಕಾಡುತ್ತಿದೆ. ಈ ಊರಿಗೆ ಬಂದ ನಮ್ಮಲ್ಲಿ ಎಷ್ಟೋ ಜನರಿಗೆ ಅನ್ನ ಕೊಡುತ್ತಿರುವ ಪದವೇ 'ಟೆಸ್ಟೆಡ್'. ದಿನಕ್ಕೆ ಹತ್ತು ಸಲ ಬರೆಯುತ್ತೇವೆ. ಹಾಗೆ ಬರೆದಾಗ ನಾವು ಯಾರಿಗೆ, ಏನೆಂದು ಮಾತು ಕೊಡುತ್ತಿದ್ದೇವೆ?

ನಡೆದದ್ದು ಇಷ್ಟು. ಕಾಚಿಗುಡದ ಹಿರಿಯರೊಬ್ಬರ ಮನೆಯಲ್ಲಿ ಆ ಪುಸ್ತಕ ಸಿಕ್ಕಿತ್ತು. ಅದರ ಪುಟಗಳಿಂದ ಅಕ್ಷರ ಗುರುತಿಸಲು ನಾವು ಆರಿಸಿಕೊಂಡದ್ದು ಟೆಸೆರಾಕ್ಟ್. 1980ರ ದಶಕದಲ್ಲಿ ಎಚ್‌ಪಿ ಕಂಪನಿಯ ಬ್ರಿಸ್ಟಲ್ ಪ್ರಯೋಗಾಲಯದಲ್ಲಿ ಹುಟ್ಟಿ, 2005ರಲ್ಲಿ ಮುಕ್ತ ತಂತ್ರಾಂಶವಾಗಿ ಹೊರಬಂದದ್ದು ಅದು. ಚಿತ್ರವನ್ನು ತೆರೆದು ಸಂಸ್ಕರಿಸಲು ಅದು ಲೆಪ್ಟೋನಿಕಾ ಎಂಬ ಇನ್ನೊಂದು ಲೈಬ್ರರಿಯನ್ನು ನೆಚ್ಚಿಕೊಂಡಿದೆ. ಸಿದ್ಧ ಪ್ಯಾಕೇಜ್ ಹಾಕಿಕೊಳ್ಳಬಹುದಿತ್ತು. ಸೋರ್ಸ್ ಕೋಡಿನಿಂದಲೇ ಕಂಪೈಲ್ ಮಾಡೋಣ ಎಂದವನು ನಾನು. ಅಂಗಡಿಯ ಖಾರದಪುಡಿ ತರುವುದಕ್ಕೂ ಮೆಣಸಿನಕಾಯಿ ಆರಿಸಿ ಗಿರಣಿಗೆ ಹಾಕಿಸುವುದಕ್ಕೂ ಇರುವ ವ್ಯತ್ಯಾಸ ಇದು. ಹೊಸ ಆವೃತ್ತಿಯ ಆಸೆ ಅರ್ಧ, ಹಮ್ಮು ಅರ್ಧ.

ಮೊದಲ ಸಲ ಲೆಪ್ಟೋನಿಕಾ ಒಂದೂ ದೋಷವಿಲ್ಲದೆ ಕಂಪೈಲ್ ಆಯಿತು. ಆದರೆ ನಮ್ಮ ಟಿಫ್ ಕಡತಗಳನ್ನು ತೆರೆಯಲೇ ಇಲ್ಲ. ಲಿಬ್‌ಟಿಫ್‌ನ ಹೆಡರ್ ಕಡತಗಳು ನನ್ನ ಲ್ಯಾಪ್‌ಟಾಪಿನಲ್ಲಿ ಇರಲಿಲ್ಲ. ಅವು ಇಲ್ಲದಿದ್ದರೂ ಲೆಪ್ಟೋನಿಕಾ ಕೆಲಸ ನಿಲ್ಲಿಸುವುದಿಲ್ಲ. ಸಾಲು ಸಾಲಾಗಿ ಓಡುವ ಸಂದೇಶಗಳ ನಡುವೆ 'ನೋ' ಎಂದು ಒಂದು ಕಡೆ ಹೇಳಿ, ಟಿಫ್ ಓದಲು ಬಾರದ ಲೈಬ್ರರಿಯನ್ನು ಕಟ್ಟಿಕೊಟ್ಟು ಮುಗಿಸುತ್ತದೆ. ಅದು ಸುಳ್ಳು ಹೇಳಲಿಲ್ಲ. ನಾನು ಓದಲಿಲ್ಲ.

ಅದನ್ನು ಸರಿಪಡಿಸಿ, ಟೆಸೆರಾಕ್ಟ್ ಕಟ್ಟಿ, 'ಮೇಕ್ ಚೆಕ್' ಕೊಟ್ಟೆ. ಸಾಲು ಸಾಲಾಗಿ 'ಪಾಸ್' ಬಂತು. ಆ ಸಂತೋಷದಲ್ಲಿಯೇ ಬರೆದದ್ದು "ಪರೀಕ್ಷಿಸಲಾಗಿದೆ" ಎಂದು. ನಮ್ಮ ಕನ್ನಡದ ಈ ಕರ್ಮಣಿ ಪ್ರಯೋಗ ಸರ್ಕಾರಿ ಕಾಗದಗಳಿಗೆ ಹೇಳಿ ಮಾಡಿಸಿದ್ದು. ಕೆಲಸ ಆಗಿದೆ, ಮಾಡಿದವರು ಇಲ್ಲ. ನಿಜವಾಗಿ ಪರೀಕ್ಷೆಗೆ ಒಳಗಾದದ್ದು ಏನು? ಆ ತಂತ್ರಾಂಶ ಬರೆದವರು ತಮಗೆ ಮುಖ್ಯವೆನಿಸಿದ ಕೆಲವು ಚಿತ್ರಗಳನ್ನೂ ಕೆಲವು ಉತ್ತರಗಳನ್ನೂ ಮೊದಲೇ ಬರೆದಿಟ್ಟಿದ್ದಾರೆ. ಅವು ತಾಳೆಯಾದವು. ನನ್ನ ಪುಸ್ತಕ, ಅದರ ಸವೆದ ಮೊಳೆಗಳು, ವತ್ಸನಾಭಿಯ ತೂಕ ಅವರಿಗೆ ಗೊತ್ತಿರಲು ಸಾಧ್ಯವೇ ಇಲ್ಲ. ಅವರ ಪ್ರಶ್ನೆಗೆ ಸಿಕ್ಕ ಉತ್ತರವನ್ನು ನನ್ನ ಪ್ರಶ್ನೆಗೆ ಅಂಟಿಸಿದವನು ನಾನು.

ಚಿತ್ರ ಸಂಸ್ಕರಣೆಯ ತಪ್ಪು ಚೊಕ್ಕಟವಾಗಿ ಕಾಣುತ್ತದೆ. ಅದೇ ಅಪಾಯ. 2013ರಲ್ಲಿ ಜರ್ಮನಿಯ ಡೇವಿಡ್ ಕ್ರೀಸಲ್ ಕಟ್ಟಡದ ನಕ್ಷೆಯೊಂದನ್ನು ಝೆರಾಕ್ಸ್ ಯಂತ್ರದಲ್ಲಿ ಸ್ಕ್ಯಾನ್ ಮಾಡಿದಾಗ ಬೇರೆ ಬೇರೆ ಅಳತೆಯ ಮೂರು ಕೋಣೆಗಳೂ 14.13 ಚದರ ಮೀಟರ್ ಎಂದು ಬಂದವು. ಕಡತದ ಗಾತ್ರ ಕುಗ್ಗಿಸಲು ಯಂತ್ರವು ಒಂದೇ ತರಹ ಕಾಣುವ ತುಣುಕುಗಳ ಜಾಗದಲ್ಲಿ ಒಂದೇ ತುಣುಕನ್ನು ಇಡುತ್ತಿತ್ತು. ಅಂಕಿ ಮಸುಕಾಗಿದ್ದರೆ ಯಾರಾದರೂ ಅನುಮಾನಿಸುತ್ತಿದ್ದರು. ಅದು ಸ್ಪಷ್ಟವಾಗಿತ್ತು, ತಪ್ಪಾಗಿತ್ತು.

ಕನ್ನಡದಲ್ಲಂತೂ ಒಂದು ಚುಕ್ಕೆಯ ಮೇಲೆ ಅರ್ಥ ನಿಂತಿದೆ. ಧೂಳಿನ ಕಲೆ ತೆಗೆಯುವ ಸಂಸ್ಕರಣೆಗೆ ಥಕಾರದ ಹೊಟ್ಟೆಯ ಚುಕ್ಕೆಯೂ ಧೂಳೇ; ಅದನ್ನು ತೆಗೆದರೆ 'ರಥ' 'ರಧ' ಆಗುತ್ತದೆ. ಧಕಾರದ ಕೆಳಗಿನ ಸಣ್ಣ ಗೆರೆ ಅಳಿಸಿದರೆ 'ಧನ' 'ದನ' ಆಗುತ್ತದೆ. ನಮ್ಮ ಸೊನ್ನೆಗೂ ಅನುಸ್ವಾರಕ್ಕೂ ರೂಪ ಒಂದೇ. ಅಕ್ಷರ ತಪ್ಪಿದರೆ ಓದುಗರು ಸಂದರ್ಭ ನೋಡಿ ತಿದ್ದಿಕೊಳ್ಳುತ್ತಾರೆ. ಅಂಕಿ ತಪ್ಪಿದರೆ ತಿದ್ದಿಕೊಳ್ಳಲು ಅವರ ಕೈಯಲ್ಲಿ ಏನೂ ಇಲ್ಲ. ದೊಡ್ಡವ್ವನಿಗೆ ಆಕೆಯ ಅವ್ವನ ಕೈಯಳತೆ ನೆನಪಿತ್ತು. ಎಲ್ಲರಿಗೂ ಅಂಥ ಅವ್ವ ಇರುವುದಿಲ್ಲ.

ನಮ್ಮ ಗುಂಪಿನ ಗೆಳೆಯನೊಬ್ಬ ಇದನ್ನು ಒಪ್ಪಲಿಲ್ಲ. "ನಾವು ರಜೆಯ ದಿನ ಪುಕ್ಕಟೆ ಮಾಡುವ ಕೆಲಸ ಇದು. ಟೆಸೆರಾಕ್ಟಿನ ಲೈಸೆನ್ಸಿನಲ್ಲೇ ಯಾವ ಖಾತರಿಯೂ ಇಲ್ಲ ಅಂತ ಬರೆದಿದೆ. ಎಲ್ಲವನ್ನೂ ಪರೀಕ್ಷಿಸಿದ ಮೇಲೆಯೇ ಕೊಡುವುದಾದರೆ ಒಂದು ಪುಸ್ತಕವೂ ಹೊರಬರುವುದಿಲ್ಲ. ಅಷ್ಟಕ್ಕೂ ಎಲ್ಲವನ್ನೂ ಪರೀಕ್ಷಿಸಲು ಸಾಧ್ಯವೇ?"

ಅವನ ಕೊನೆಯ ಪ್ರಶ್ನೆ ಗಟ್ಟಿಯಾದದ್ದು. ಯೂನಿಕ್ಸ್ ಕಟ್ಟಿದವರಲ್ಲೊಬ್ಬರಾದ ಕೆನ್ ಥಾಮ್ಸನ್ ಅವರ ಟ್ಯೂರಿಂಗ್ ಪ್ರಶಸ್ತಿ ಉಪನ್ಯಾಸ 1984ರಲ್ಲಿ ಪ್ರಕಟವಾಯಿತು. ಕಂಪೈಲರೇ ಕೆಟ್ಟಿದ್ದರೆ ಸೋರ್ಸ್ ಕೋಡಿನಲ್ಲಿ ಸುಳಿವೇ ಇಲ್ಲದ ಕಳ್ಳಬಾಗಿಲು ಪ್ರೋಗ್ರಾಮಿನೊಳಗೆ ಸೇರಬಲ್ಲದು ಎಂದು ಅವರು ಅದರಲ್ಲಿ ತೋರಿಸಿದರು. ಅಂದರೆ ನಾನು ಗಿರಣಿಗೆ ಹಾಕಿಸಿದ ಖಾರದಪುಡಿಯೂ ಗಿರಣಿಯವರ ಮೇಲಿನ ನಂಬಿಕೆಯೇ. 2024ರ ಮಾರ್ಚ್‌ನಲ್ಲಿ ಇದರ ಇನ್ನೊಂದು ಮುಖ ಕಂಡಿತು. ದೂರದ ಲಾಗಿನ್ ಅರ್ಧ ಸೆಕೆಂಡ್ ತಡವಾಗುತ್ತಿದೆಯಲ್ಲ ಎಂದು ಆಂಡ್ರೆಸ್ ಫ್ರಾಯಿಂಡ್ ಎಂಬ ಪ್ರೋಗ್ರಾಮರ್ ಬೆನ್ನು ಹತ್ತಿ ಹೋದಾಗ, ಎಕ್ಸ್‌ಝೆಡ್ ಎಂಬ ಸಂಕೋಚನ ತಂತ್ರಾಂಶದ 5.6.0 ಮತ್ತು 5.6.1 ಆವೃತ್ತಿಗಳಲ್ಲಿ ಕಳ್ಳಬಾಗಿಲು ಸಿಕ್ಕಿತು. ಅದನ್ನು ಬಚ್ಚಿಟ್ಟಿದ್ದದ್ದು ಪರೀಕ್ಷೆಗೆಂದು ಇಟ್ಟ ಕಡತಗಳಲ್ಲೇ. ನನ್ನ ಲಿಬ್‌ಟಿಫ್ ಕೂಡ ಅದೇ ಎಕ್ಸ್‌ಝೆಡ್‌ನ ಲೈಬ್ರರಿಯನ್ನು ಬಳಸುತ್ತದೆ. ಆವೃತ್ತಿ ಹಳೆಯದಾಗಿದ್ದರಿಂದ ನಾನು ಪಾರಾದೆ, ಜಾಣತನದಿಂದಲ್ಲ. ಕೋಡ್ ಎಲ್ಲರಿಗೂ ತೆರೆದಿದೆ ಎಂದರೆ ಎಲ್ಲರೂ ನೋಡಬಹುದು ಎಂದಷ್ಟೇ ಅರ್ಥ. ಯಾರೋ ನೋಡಿದ್ದಾರೆ ಎಂದಲ್ಲ.

ಹಾಗಾದರೆ ನಂಬದೆ ಗತಿಯಿಲ್ಲ. "ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು" ಎಂಬ ಗಾದೆಯನ್ನು ಅಕ್ಷರಶಃ ಪಾಲಿಸಹೊರಟರೆ ಬದುಕು ಸಾಗುವುದಿಲ್ಲ. ಆದರೆ ನಂಬುವುದು ತಪ್ಪಲ್ಲ. ನಂಬಿದ್ದನ್ನು ನೋಡಿದ್ದೇನೆ ಎಂದು ಹೇಳುವುದು ತಪ್ಪು. ಲೆಪ್ಟೋನಿಕಾವನ್ನು ನಾನು ನಂಬಬಹುದು. ಆ ನಂಬಿಕೆಯನ್ನು "ಪರೀಕ್ಷಿಸಲಾಗಿದೆ" ಎಂಬ ಮುದ್ರೆಯೊತ್ತಿ ದೊಡ್ಡವ್ವನಿಗೆ ದಾಟಿಸಿದರೆ, ನನ್ನ ಸಾಲವನ್ನು ಆಕೆಯ ಹೆಸರಿಗೆ ಬರೆದಂತೆ. ಲೈಸೆನ್ಸಿನ 'ಖಾತರಿಯಿಲ್ಲ' ಎಂಬ ಮಾತು ತಂತ್ರಾಂಶ ಬರೆದವರಿಗೂ ನನಗೂ ನಡುವಿನದು. ದೊಡ್ಡವ್ವ ಅದನ್ನು ಓದಿಲ್ಲ. ಆಕೆ ನಂಬಿದ್ದು ನನ್ನನ್ನು.

ಹೊಣೆ ಎಲ್ಲರ ಮೇಲೂ ಒಂದೇ ಸಮ ಬೀಳುವುದಿಲ್ಲ. ಕಂಪೈಲರಿನ ಒಳಗನ್ನು ನೋಡುವ ಶಕ್ತಿ ನನಗಿಲ್ಲ. ಆ ಹೊಣೆಯನ್ನು ಯಾರೂ ನನ್ನಿಂದ ಕೇಳಲಾರರು. ಆದರೆ ೬ ಮತ್ತು ೯ರ ವ್ಯತ್ಯಾಸ ನನಗೆ ಗೊತ್ತು. ತಂತ್ರಾಂಶ ನನ್ನ ಲ್ಯಾಪ್‌ಟಾಪಿಗೆ ಬರುವವರೆಗಿನ ಸರಪಳಿಯಲ್ಲಿ ಆ ಪುಟವನ್ನು ಓದಬಲ್ಲವರು ಎಷ್ಟು ಜನವೋ, ಪುಟ ಕೈಯಲ್ಲಿದ್ದದ್ದು ಮಾತ್ರ ನಮ್ಮಲ್ಲಿ. ಗಚ್ಚಿಬೌಲಿಯ ಐಐಐಟಿಯಲ್ಲಿ ಭಾರತೀಯ ಭಾಷೆಗಳ ಅಕ್ಷರ ಗುರುತಿಸುವಿಕೆಯ ಬಗ್ಗೆ ವರ್ಷಗಟ್ಟಲೆ ಸಂಶೋಧನೆ ನಡೆದಿದೆ. ಎಂಥ ಸಂಶೋಧನೆಯಾದರೂ ತಪ್ಪನ್ನು ಕಡಿಮೆ ಮಾಡೀತೇ ಹೊರತು, ಕೊನೆಯ ಕೈ ನಮ್ಮದು ಎಂಬುದನ್ನು ಬದಲಿಸಲಾರದು.

ಮುಂದಿನ ಎರಡು ಭಾನುವಾರ ಕೊಂಡಾಪುರದ ನಮ್ಮ ಕೋಣೆಯಲ್ಲಿ ಕೂತು ಅಂಕಿಗಳಿರುವ ಪುಟಗಳನ್ನೆಲ್ಲ ಓದಿದೆವು. ಹಳೆಯ ಪ್ರೆಸ್ಸುಗಳಲ್ಲಿ ಕರಡು ತಿದ್ದುತ್ತಿದ್ದ ಕ್ರಮದಲ್ಲಿಯೇ, ಒಬ್ಬರು ಮೂಲ ನೋಡಿ ಗಟ್ಟಿಯಾಗಿ ಓದುವುದು, ಇನ್ನೊಬ್ಬರು ಪರದೆಯ ಮೇಲೆ ತಾಳೆ ನೋಡುವುದು. ಒಪ್ಪದ ಗೆಳೆಯನೂ ಬಂದ. ಗಟ್ಟಿಯಾಗಿ ಓದಿದವನು ಅವನೇ. ಇನ್ನೂ ಕೆಲವು ತಪ್ಪು ಸಿಕ್ಕವು. ವತ್ಸನಾಭಿಯ ಅಂಕಿ ಸರಿಯಾಗಿಯೇ ಇತ್ತು. ಆದರೆ ಅದು ಸರಿಯಿತ್ತು ಎಂದು ನನಗೆ ತಿಳಿದದ್ದು ಆ ದಿನವೇ, "ಪರೀಕ್ಷಿಸಲಾಗಿದೆ" ಎಂದು ಬರೆದ ದಿನವಲ್ಲ.

ಮೊದಲ ಪುಟದ ಆ ಸಾಲನ್ನು ತೆಗೆದು ಈಗ ಹೀಗೆ ಬರೆದಿದ್ದೇವೆ: "ಅಕ್ಷರಗಳನ್ನು ಯಂತ್ರ ಓದಿದೆ. ತೂಕ, ಅಳತೆಗಳನ್ನು ನಾವು ಇಬ್ಬರು ಮೂಲದೊಂದಿಗೆ ತಾಳೆ ನೋಡಿದ್ದೇವೆ. ಉಳಿದ ಪುಟಗಳನ್ನು ನೋಡಿಲ್ಲ. ಸಂಶಯ ಬಂದರೆ ಪಕ್ಕದಲ್ಲೇ ಇರುವ ಮೂಲ ಪುಟದ ಚಿತ್ರ ನೋಡಿ." ಕೆಳಗೆ ನಮ್ಮ ಹೆಸರುಗಳಿವೆ.

ದೊಡ್ಡವ್ವನಿಗೆ ಫೋನ್ ಮಾಡಿ ಆರು ಗುಂಜಿ ಎಂದು ಹೇಳಿದೆ.

"ಯಾರು ನೋಡಿದ್ರು?"

"ನಾನೇ ನೋಡೀನಿ."

"ಹಂಗಾದ್ರ ಸರಿ," ಎಂದಳು.