ಹಿಮ, ನರೆ ಮತ್ತು ಬೂಷ್ಟು

ಇಂಗ್ಲಿಷಿನಲ್ಲಿ ‘ಹೋರಿ’ ಎಂಬ ಹಳೆಯ ಪದವೊಂದಿದೆ. ಕನ್ನಡ ಲಿಪಿಯಲ್ಲಿ ಬರೆದ ಕೂಡಲೇ ಅದು ಕೊಟ್ಟಿಗೆಯ ಕಡೆ ನಡೆದುಬಿಡುತ್ತದೆ. ಆದರೆ ಅದಕ್ಕೂ ನಮ್ಮ ಹೋರಿಗೂ ಯಾವ ನೆಂಟಸ್ತಿಕೆಯೂ ಇಲ್ಲ. ‘ಹೋರ್’ ಎಂಬುದು ಅದರ ಮೂಲರೂಪ. ಚಳಿಗಾಲದ ಬೆಳಗಿನ ಜಾವ ಹುಲ್ಲು, ಬೇಲಿ, ಮಾಡುಗಳ ಮೇಲೆ ಬೆಳ್ಳಗೆ ಹೆಪ್ಪುಗಟ್ಟಿ ಕೂರುವ ಹಿಮದಿಂದ ಮುಚ್ಚಿದ್ದು ಎಂಬುದು ಅದರ ಒಂದು ಅರ್ಥ. ತಲೆ ನರೆತದ್ದು ಎಂಬುದು ಇನ್ನೊಂದು. ಅತಿ ಪ್ರಾಚೀನ, ಆದ್ದರಿಂದ ಪೂಜ್ಯ ಎಂಬುದು ಮೂರನೆಯದು. ಬೂಷ್ಟು ಹಿಡಿದು ಹಳಸಿದ್ದು ಎಂಬುದು ನಾಲ್ಕನೆಯದು.

ಒಂದೇ ಪದದ ಹೊಟ್ಟೆಯೊಳಗೆ ಗೌರವವೂ ಹೇಸಿಗೆಯೂ ಹೀಗೆ ಅಕ್ಕಪಕ್ಕ ಮಲಗಿರುವುದು ಕುತೂಹಲದ ಸಂಗತಿ. ಇದನ್ನು ನಿಘಂಟಿನ ವಿಷಯವೆಂದು ಪಂಡಿತರಿಗೆ ಬಿಟ್ಟು ಸುಮ್ಮನಿರಬಹುದಿತ್ತು. ಆದರೆ ಈ ಪದ ಎತ್ತುವ ಪ್ರಶ್ನೆ ನಮ್ಮ ಮನೆಯಂಗಳದ್ದು. ಬಿಳಿಯ ತಲೆಗೆ ನಾವು ಯಾಕೆ ತಲೆಬಾಗುತ್ತೇವೆ? ಹಳೆಯದು ಎಂಬ ಒಂದೇ ಕಾರಣಕ್ಕೆ ಯಾವುದಾದರೂ ಗೌರವಕ್ಕೆ ಅರ್ಹವಾಗುತ್ತದೆಯೇ?

ಮೊದಲು ಪದದ ಚರಿತ್ರೆಯನ್ನು ನೋಡೋಣ. ಹಳೆಯ ಇಂಗ್ಲಿಷಿನಲ್ಲಿ ‘ಹಾರ್’ ಎಂದರೆ ಬೂದು ಬಣ್ಣದ್ದು, ನರೆತದ್ದು. ಹಿಮದ ಸಂಬಂಧ ಪ್ರಬಲವಾದದ್ದು ಆಮೇಲೆ. ಕ್ರಿ.ಶ. 991ರಲ್ಲಿ ನಡೆದ ಮಾಲ್ಡನ್ ಯುದ್ಧವನ್ನು ಕುರಿತ ಹಳೆಯ ಕಾವ್ಯ ತನ್ನ ವೃದ್ಧ ನಾಯಕ ಬಿರ್ಟ್‌ನಾಥ್‌ನನ್ನು ಕರೆಯುವುದು ಈ ಪದದಿಂದಲೇ. ಅಲ್ಲಿ ಅದು ದೌರ್ಬಲ್ಯದ ಗುರುತಲ್ಲ, ಘನತೆಯ ಗುರುತು. ಜರ್ಮನ್ ಭಾಷೆಯಲ್ಲಿ ಇದೇ ಬೇರಿನ ಪದ ‘ಹೆರ್’ ಆಯಿತು. ಇಂದು ಜರ್ಮನರು ಯಾವ ಗಂಡಸನ್ನಾದರೂ ‘ಶ್ರೀಯುತ’ ಎಂಬರ್ಥದಲ್ಲಿ ಹೆರ್ ಎಂದು ಕರೆಯುವಾಗ, ನಿಜಕ್ಕೂ ‘ನನಗಿಂತ ಹೆಚ್ಚು ನರೆತವರೇ’ ಎನ್ನುತ್ತಿರುತ್ತಾರೆ.

ಆಂಗ್ಲೋ-ಸ್ಯಾಕ್ಸನ್ ಕಾಲದ ಭೂದಾಖಲೆಗಳಲ್ಲಿ ಈ ಪದಕ್ಕೆ ಇನ್ನೊಂದು ಕೆಲಸವೂ ಇತ್ತು. ಊರಿನ ಗಡಿ ಹೇಳುವಾಗ ‘ಆ ನರೆತ ಕಲ್ಲಿನ ತನಕ’ ಎಂದು ಬರೆಯುತ್ತಿದ್ದರು. 1066ರ ಹೇಸ್ಟಿಂಗ್ಸ್ ಯುದ್ಧ ನಡೆದ ಜಾಗವನ್ನು ಆಂಗ್ಲೋ-ಸ್ಯಾಕ್ಸನ್ ಕ್ರಾನಿಕಲ್‌ನ ಒಂದು ಪ್ರತಿ ‘ನರೆತ ಸೇಬಿನ ಮರ’ದ ಬಳಿ ಎಂದೇ ಗುರುತಿಸುತ್ತದೆ. ಕಲ್ಲುಹೂವು ಹಬ್ಬಿ ಬೂದಿ ಬಣ್ಣಕ್ಕೆ ತಿರುಗಿದ ಕಲ್ಲು, ಮರಗಳು ಎಲ್ಲರಿಗೂ ಗೊತ್ತಿರುವ ಗುರುತುಗಳಾಗಿದ್ದವು. ನರೆತದ್ದು ಎಂದರೆ ಬಹುಕಾಲದಿಂದ ಒಂದೇ ಕಡೆ ನಿಂತದ್ದು, ಎಲ್ಲರೂ ನಂಬಬಹುದಾದದ್ದು. ಗಡಿ ಜಗಳದಲ್ಲಿ ಸಾಕ್ಷಿ ಹೇಳಬಲ್ಲದ್ದು. ಹಿರಿಯರು ಎಂದರೆ ನಮಗೂ ಒಂದು ಕಾಲದಲ್ಲಿ ಇದೇ ಅರ್ಥವಿತ್ತಲ್ಲವೇ?

ಆದರೆ ಶೇಕ್ಸ್‌ಪಿಯರನ ಹೊತ್ತಿಗೆ ಪದದ ಇನ್ನೊಂದು ಮುಖ ಬಯಲಾಗಿತ್ತು. ‘ಎ ಮಿಡ್‌ಸಮ್ಮರ್ ನೈಟ್ಸ್ ಡ್ರೀಮ್’ನಲ್ಲಿ ಋತುಗಳು ಅದಲುಬದಲಾಗಿ, ತಲೆ ನರೆತ ಮುದುಕನಂತಹ ಹಿಮ ಕೆಂಪು ಗುಲಾಬಿಯ ಮಡಿಲಿಗೆ ಬೀಳುವ ಚಿತ್ರವಿದೆ. ಅದೇ ಕವಿ ‘ರೋಮಿಯೋ ಅಂಡ್ ಜೂಲಿಯಟ್’ನಲ್ಲಿ ಮರ್ಕ್ಯೂಷಿಯೋನ ಬಾಯಲ್ಲಿ ಇದೇ ಪದವನ್ನು ಹಳಸಿದ, ಬೂಷ್ಟು ಹಿಡಿದ ಮಾಂಸದ ಕುರಿತ ಪೋಲಿ ಹಾಸ್ಯಕ್ಕೆ ಬಳಸುತ್ತಾನೆ. ಹಿಮವೂ ಬಿಳಿ, ನರೆಯೂ ಬಿಳಿ, ಬೂಷ್ಟೂ ಬಿಳಿ. ಕಣ್ಣಿಗೆ ಮೂರೂ ಒಂದೇ. ತೊಂದರೆ ಇರುವುದೇ ಅಲ್ಲಿ.

ಇದು ಇಂಗ್ಲಿಷಿಗೆ ಮಾತ್ರ ಒದಗಿದ ಪಾಡಲ್ಲ. ಲ್ಯಾಟಿನ್ನಿನ ಒಂದೇ ಬೇರಿನಿಂದ ‘ಸೀನಿಯರ್’ ಕೂಡ ಬಂತು, ಅರಳುಮರಳು ಎಂಬರ್ಥದ ‘ಸೆನೈಲ್’ ಕೂಡ ಬಂತು. ನಮ್ಮ ಕನ್ನಡದಲ್ಲಿ ‘ಹಳೆ’ಯಿಂದಲೇ ‘ಹಳಸು’ ಹುಟ್ಟಿದೆ. ಇನ್ನೊಂದು ಕಡೆ, ಅರಬಿಯ ‘ಶೇಖ್’ ಎಂದರೆ ಮೂಲದಲ್ಲಿ ಮುದುಕ. ಆಮೇಲೆ ಮುಖಂಡ, ಗುರು. ಪಾರ್ಸಿಯ ‘ಪೀರ್’ ಕೂಡ ಮೂಲದಲ್ಲಿ ಮುದುಕನೇ, ಆಮೇಲೆ ಸಂತ. ತುರ್ಕಿ ಭಾಷೆಗಳನ್ನಾಡುವ ಮಧ್ಯ ಏಷ್ಯಾದ ಊರುಗಳಲ್ಲಿ ಊರ ಹಿರಿಯನನ್ನು ‘ಅಕ್‌ಸಕಾಲ್’, ಅಂದರೆ ‘ಬಿಳಿಗಡ್ಡ’ ಎಂದೇ ಕರೆಯುತ್ತಾರೆ. ಮನುಷ್ಯ ಎಲ್ಲೆಡೆ ಬಿಳಿ ಕೂದಲಿಗೆ ಪಟ್ಟ ಕಟ್ಟಿದ್ದಾನೆ. ಎಲ್ಲೆಡೆ ಅದನ್ನು ಗೇಲಿಯೂ ಮಾಡಿದ್ದಾನೆ.

ಚಳಿದೇಶದ ಇಂಗ್ಲಿಷರಿಗೆ ನರೆ ಹಿಮದಂತೆ ಕಂಡರೆ, ಮರುಭೂಮಿಯ ಅರಬಿ ಭಾಷೆಯಲ್ಲಿ ಅದು ಬೆಂಕಿಯಂತೆ ಕಂಡಿದೆ. ಕುರ್‌ಆನಿನ ‘ಮರ್ಯಮ್’ ಅಧ್ಯಾಯದಲ್ಲಿ ವೃದ್ಧ ಪ್ರವಾದಿ ಝಕರಿಯ್ಯಾ ತಮಗೊಂದು ಸಂತಾನ ಬೇಕೆಂದು ಪ್ರಾರ್ಥಿಸುವಾಗ, ತಮ್ಮ ಮೂಳೆಗಳು ದುರ್ಬಲವಾದುದನ್ನೂ ತಲೆ ನರೆಯಿಂದ ಹೊತ್ತಿಕೊಂಡುದನ್ನೂ ನಿವೇದಿಸಿಕೊಳ್ಳುತ್ತಾರೆ. 11ನೇ ಶತಮಾನದ ಭಾಷಾಮೀಮಾಂಸಕ ಅಬ್ದುಲ್ ಕಾಹಿರ್ ಅಲ್ ಜುರ್ಜಾನಿ ಈ ರೂಪಕವನ್ನು ವಿಸ್ತಾರವಾಗಿ ಚರ್ಚಿಸಿದ್ದಾರೆ. ಹೊತ್ತಿಕೊಂಡದ್ದು ನರೆ ಎನ್ನದೆ ತಲೆಯೇ ಎಂದು ಹೇಳಿದ್ದರಿಂದ, ಇಡೀ ಮನೆಗೆ ಬೆಂಕಿ ಬಿದ್ದಂತೆ ಒಂದು ಮೂಲೆಯೂ ಉಳಿಯದ ಹಾಗೆ ನರೆ ಆವರಿಸಿದ ಭಾವ ಬರುತ್ತದೆ ಎಂಬುದು ಅವರ ವಾದ. ಹಿಮ ಎಂದರೆ ಮುಗಿದುಹೋದದ್ದು, ತಣ್ಣಗಾದದ್ದು. ಬೆಂಕಿ ಎಂದರೆ ಇನ್ನೂ ಉರಿಯುತ್ತಿರುವುದು. ಆ ಮುದುಕ ಇನ್ನೂ ಆಸೆಯಿಂದ ಬೇಡುತ್ತಿದ್ದಾರೆ ಎಂಬುದನ್ನು ಮರೆಯಬಾರದು. ಮುಪ್ಪನ್ನು ನಾವು ಯಾವ ಉಪಮೆಯಿಂದ ನೋಡುತ್ತೇವೋ, ಮುದುಕರನ್ನು ಹಾಗೆಯೇ ನಡೆಸಿಕೊಳ್ಳುತ್ತೇವೆ.

ವಿಜ್ಞಾನ ಹೇಳುವ ಮಾತೂ ಇಲ್ಲಿ ಸೇರಬೇಕು. ಈ ಬಗೆಯ ಹಿಮ ಆಕಾಶದಿಂದ ಬೀಳುವುದಿಲ್ಲ. ಮೋಡವಿಲ್ಲದ, ಗಾಳಿಯಿಲ್ಲದ ರಾತ್ರಿಯಲ್ಲಿ ಹುಲ್ಲು, ಕಲ್ಲು, ಮಣ್ಣು ತಮ್ಮ ಕಾವನ್ನು ಬಯಲಿಗೆ ಬಿಟ್ಟುಕೊಡುತ್ತವೆ. ಅವುಗಳ ಮೈ ಸೊನ್ನೆ ಡಿಗ್ರಿಗಿಂತ ಕೆಳಗಿಳಿದಾಗ ಗಾಳಿಯಲ್ಲಿನ ಆವಿ ನೀರಾಗದೆ ನೇರವಾಗಿ ಹರಳಾಗಿ ಅವುಗಳ ಮೇಲೆ ಕೂರುತ್ತದೆ. ಆ ಹರಳಿಗೆ ಸ್ವಂತ ಬಣ್ಣವಿಲ್ಲ. ಸಣ್ಣ ಸಣ್ಣ ಹರಳುಗಳು ಬೆಳಕನ್ನು ಚದುರಿಸುವುದರಿಂದ ಬೆಳ್ಳಗೆ ಕಾಣುತ್ತದೆ. ನರೆಗೂದಲಿನ ಕತೆಯೂ ಹೀಗೆಯೇ. ಕೂದಲಿಗೆ ಯಾರೂ ಬಿಳಿ ಬಣ್ಣ ಬಳಿಯುವುದಿಲ್ಲ. ಬುಡದಲ್ಲಿ ಬಣ್ಣ ತಯಾರಿಸುವ ಜೀವಕೋಶಗಳು ಕೆಲಸ ನಿಲ್ಲಿಸುತ್ತವೆ. ಉಳಿಯುವುದು ಬಣ್ಣವಿಲ್ಲದ ಎಳೆ. ಅಂದರೆ ಬಿಳಿ ಎಂಬುದು ಗಳಿಸಿದ್ದಲ್ಲ, ಬಿಟ್ಟುಕೊಟ್ಟದ್ದರ ಗುರುತು. ಅದು ಕಾಲ ಕಳೆದಿದೆ ಎಂದಷ್ಟೇ ಹೇಳುತ್ತದೆ. ಆ ಕಾಲದಲ್ಲಿ ಏನು ಕಲಿತೆವು ಎಂದು ಹೇಳುವುದಿಲ್ಲ. ಬಾಲನರೆಯ ಹುಡುಗನನ್ನು ಕಂಡವರಿಗೆ ಅದು ಕಾಲವನ್ನೂ ಸರಿಯಾಗಿ ಹೇಳುವುದಿಲ್ಲ ಎಂದು ಗೊತ್ತು.

ಇದನ್ನು ಹಳಬರು ಅರಿಯದವರೇನಲ್ಲ. ತಲೆ ನರೆತ ಮಾತ್ರಕ್ಕೆ ಯಾರೂ ಹಿರಿಯರಾಗುವುದಿಲ್ಲ, ಬರೀ ವಯಸ್ಸಾದವನು ವ್ಯರ್ಥವಾಗಿ ಮುದಿಯಾದವನು ಎಂಬ ಅರ್ಥದ ಮಾತು ಧಮ್ಮಪದದ 260ನೆಯ ಗಾಥೆಯಲ್ಲಿದೆ. ಜಾತಕ ಕತೆಗಳಲ್ಲಿ ಮಖಾದೇವನೆಂಬ ಅರಸ ತನ್ನ ಕ್ಷೌರಿಕನಿಗೆ, ಮೊದಲ ನರೆಗೂದಲು ಕಂಡಾಗ ತಿಳಿಸು ಎಂದು ಹೇಳಿರುತ್ತಾನೆ. ಕ್ಷೌರಿಕ ಅದನ್ನು ಕಿತ್ತು ಅಂಗೈಯಲ್ಲಿಟ್ಟಾಗ ಅರಸ ಅದನ್ನು ದೇವದೂತನೆಂದು ತಿಳಿದು, ಕ್ಷೌರಿಕನಿಗೆ ಉಡುಗೊರೆ ಕೊಟ್ಟು, ಸಿಂಹಾಸನ ಬಿಟ್ಟು ಹೊರಡುತ್ತಾನೆ. ಗಮನಿಸಿ, ಆ ಅರಸ ನರೆಯನ್ನು ಅಧಿಕಾರದ ಪತ್ರವೆಂದು ಓದಲಿಲ್ಲ. ಅಧಿಕಾರ ಬಿಡಬೇಕಾದ ನೋಟೀಸೆಂದು ಓದಿದ. ನಮ್ಮ ಸಂಘ ಸಂಸ್ಥೆಗಳ, ಜಮಾಅತ್ ಕಮಿಟಿಗಳ, ರಾಜಕೀಯ ಪಕ್ಷಗಳ ಕುರ್ಚಿಗಳನ್ನು ನೋಡಿದರೆ ಈ ಕತೆ ಎಷ್ಟು ಅಪರೂಪದ್ದೆಂದು ತಿಳಿಯುತ್ತದೆ.

ಇನ್ನು ಇಂದಿನ ಬಳಕೆಗೆ ಬರೋಣ. ಇಂಗ್ಲೆಂಡಿನಲ್ಲಿ ಈಗ ‘ಹೋರಿ’ ಹೆಚ್ಚಾಗಿ ಕಾಣಿಸುವುದು ಹಳಸಲು ಜೋಕು, ಸವಕಲು ಮಾತು, ಎಂದೋ ಸುಳ್ಳೆಂದು ಸಾಬೀತಾದ ನಂಬಿಕೆ ಇವುಗಳ ಹಿಂದೆ. ಭಾರತದ ಇಂಗ್ಲಿಷಿನಲ್ಲಿ ಮಾತ್ರ ಅದು ಇನ್ನೂ ಮಡಿಯುಟ್ಟುಕೊಂಡೇ ಇದೆ. ನಮ್ಮ ಪತ್ರಿಕೆಗಳಲ್ಲಿ, ಸ್ಮರಣ ಸಂಚಿಕೆಗಳಲ್ಲಿ, ಪ್ರವಾಸೋದ್ಯಮದ ಕೈಪಿಡಿಗಳಲ್ಲಿ ‘ಹೋರಿ ಪರಂಪರೆ’, ‘ಹೋರಿ ಭೂತಕಾಲ’ ಎಂಬ ಮಾತುಗಳನ್ನು ಮೆಚ್ಚುಗೆಯಿಂದಲೇ ಬರೆಯುತ್ತಾರೆ. ಪದವನ್ನು ಹುಟ್ಟಿಸಿದವರು ಅದರ ಬೂಷ್ಟನ್ನು ನೋಡುತ್ತಿದ್ದಾರೆ. ಎರವಲು ಪಡೆದ ನಾವು ಅದರ ನರೆಗೆ ನಮಸ್ಕರಿಸುತ್ತಿದ್ದೇವೆ. ಇದು ಭಾಷೆಯ ಒಂದು ಚೋದ್ಯ ಎಂದು ನಕ್ಕು ಸುಮ್ಮನಾಗಬಹುದು. ಆದರೆ ‘ಇದು ಅನಾದಿಯಿಂದ ನಡೆದು ಬಂದದ್ದು’ ಎಂಬ ಒಂದೇ ಮಾತಿನಿಂದ ಒಂದು ಹುಡುಗಿಯ ಶಾಲೆ ಬಿಡಿಸಿದ, ಒಬ್ಬ ವಿಧವೆಯ ಬಾಯಿ ಮುಚ್ಚಿಸಿದ, ಒಂದು ಜಾತಿಯವರನ್ನು ಬಾವಿಯಿಂದ ದೂರವಿಟ್ಟ ಪಂಚಾಯಿತಿಗಳನ್ನು ಬಲ್ಲ ನಾವು ಅಷ್ಟು ಸುಲಭವಾಗಿ ನಗಲಾರೆವು.

ಹಳೆಯದರ ಅಧಿಕಾರವನ್ನು ಪ್ರಶ್ನಿಸಿದವರಲ್ಲಿ ಫ್ರಾನ್ಸಿಸ್ ಬೇಕನ್ ಮುಖ್ಯನಾದವನು. 1620ರ ‘ನೋವಮ್ ಆರ್ಗನಮ್’ ಕೃತಿಯಲ್ಲಿ ಅವನು ಮಾಡುವ ವಾದ ಸರಳವಾದದ್ದು. ನಾವು ಪ್ರಾಚೀನ ಎನ್ನುವ ಕಾಲ ನಿಜವಾಗಿ ಲೋಕದ ಎಳೆಯ ವಯಸ್ಸು. ಲೋಕಕ್ಕೆ ಹೆಚ್ಚು ವಯಸ್ಸಾಗಿರುವುದು ಈಗ. ವಯಸ್ಸಿನಿಂದ ಅನುಭವ ಬರುತ್ತದೆಂದಾದರೆ, ಹೆಚ್ಚು ಅನುಭವವಿರಬೇಕಾದದ್ದು ನಮ್ಮ ಕಾಲಕ್ಕೇ. ಇದಕ್ಕೆ ಎದುರು ವಾದವೂ ಇದೆ. 1908ರಲ್ಲಿ ಜಿ.ಕೆ. ಚೆಸ್ಟರ್‌ಟನ್, ಪರಂಪರೆ ಎಂದರೆ ತೀರಿಹೋದ ಹಿರಿಯರಿಗೂ ಮತದಾನದ ಹಕ್ಕು ಕೊಡುವುದು ಎಂದು ವಾದಿಸಿದ್ದ. ಸತ್ತಿದ್ದಾರೆಂಬ ಕಾರಣಕ್ಕೆ ಅವರ ಮಾತನ್ನು ತಳ್ಳಿಹಾಕಬಾರದೆಂಬುದು ನ್ಯಾಯವೇ. ಆದರೆ ಹಕ್ಕು ಒಂದು ಮತದ್ದು ಮಾತ್ರ. ಅವರೇ ಎಲ್ಲ ಮತಗಳನ್ನೂ ಹಾಕಿಬಿಟ್ಟರೆ ಬದುಕಿರುವವರು ಎಲ್ಲಿಗೆ ಹೋಗಬೇಕು?

ಮೇಲಾಗಿ, ಹಿಮ ಒಂದೇ ರಾತ್ರಿಯ ಕೆಲಸ. ಬೆಳಿಗ್ಗೆ ಎದ್ದು ನೋಡಿದವನಿಗೆ ಬಯಲು ಯುಗಯುಗಗಳಿಂದ ಬೆಳ್ಳಗಿತ್ತೇನೋ ಅನ್ನಿಸುತ್ತದೆ. ಸಂಪ್ರದಾಯಗಳಲ್ಲೂ ಅಂಥವು ಉಂಟು. ಎರಿಕ್ ಹಾಬ್ಸ್‌ಬಾಮ್ ಮತ್ತು ಟೆರೆನ್ಸ್ ರೇಂಜರ್ ಸಂಪಾದಿಸಿದ, 1983ರಲ್ಲಿ ಬಂದ ‘ದಿ ಇನ್ವೆನ್ಷನ್ ಆಫ್ ಟ್ರೆಡಿಷನ್’ ಪುಸ್ತಕದಲ್ಲಿ ಇತಿಹಾಸಕಾರ ಹ್ಯೂ ಟ್ರೆವರ್-ರೋಪರ್, ಸ್ಕಾಟ್‌ಲೆಂಡಿನ ಕುಲಗಳ ಪುರಾತನ ಉಡುಪೆಂದು ಹೆಸರಾದ ಕಿಲ್ಟ್, ಈಗಿನ ರೂಪದಲ್ಲಿ, 18ನೇ ಶತಮಾನದ್ದೆಂದು ವಾದಿಸಿದ್ದಾರೆ. ನಮ್ಮಲ್ಲೂ ಯಾರಾದರೂ ‘ಹಿಂದಿನಿಂದಲೂ ಹೀಗೆಯೇ’ ಎಂದಾಗ, ಎಷ್ಟು ಹಿಂದಿನಿಂದ ಎಂದು ಕೇಳುವುದು ಅವಿಧೇಯತೆಯಲ್ಲ. ಅಜ್ಜಿಯನ್ನು ಕೇಳಿದರೆ ಎಷ್ಟೋ ಸಲ ಅವಳೇ ಹೇಳುತ್ತಾಳೆ, ‘ನಮ್ಮ ಕಾಲದಲ್ಲಿ ಇದೆಲ್ಲ ಇರಲಿಲ್ಲ ಮಗಾ’ ಎಂದು.

ಇಷ್ಟೆಲ್ಲ ಹೇಳಿದ ಮೇಲೆ ಒಂದು ಅಪಾಯವಿದೆ. ಹಾಗಾದರೆ ಬಿಳಿ ತಲೆಗೆ ಗೌರವವೇ ಬೇಡವೇ ಎಂದು ಯಾರಾದರೂ ಕೇಳಬಹುದು. ನನ್ನ ಉತ್ತರ ಇದು: ನಾವು ಎರಡು ಬೇರೆ ಬೇರೆ ಸಂಗತಿಗಳನ್ನು ಒಂದೇ ಪದದಿಂದ ಕರೆದು ಕಲಸಿಬಿಟ್ಟಿದ್ದೇವೆ. ಒಂದು, ನರೆತ ಮನುಷ್ಯ. ಇನ್ನೊಂದು, ನರೆತ ಅಭಿಪ್ರಾಯ. ಮನುಷ್ಯನಿಗೆ ನೋವಾಗುತ್ತದೆ, ಹಸಿವಾಗುತ್ತದೆ, ಒಂಟಿತನ ಕಾಡುತ್ತದೆ. ಅವನ ಕಾವು ಲೋಕಕ್ಕೆ ಹಂಚಿಹೋಗಿ ಈಗ ಅವನಿಗೆ ಚಳಿಯಾಗುತ್ತಿದೆ. ಅವನು ಜ್ಞಾನಿಯೋ ಅಲ್ಲವೋ ಎಂದು ಪರೀಕ್ಷೆ ಮಾಡಿ ಆಮೇಲೆ ಕಂಬಳಿ ಹೊದಿಸುವುದಲ್ಲ. ಅವನಿಗೆ ಸಲ್ಲಬೇಕಾದ ಆರೈಕೆಗೆ, ಮರ್ಯಾದೆಗೆ ಯಾವ ಷರತ್ತೂ ಇರಕೂಡದು. ಅಭಿಪ್ರಾಯಕ್ಕಾದರೋ ನೋವೂ ಇಲ್ಲ, ಚಳಿಯೂ ಇಲ್ಲ. ಅದನ್ನು ದಿನವೂ ಪ್ರಶ್ನಿಸಬಹುದು, ಪ್ರಶ್ನಿಸಬೇಕು.

ಕುರ್‌ಆನ್ ಈ ಎರಡನ್ನೂ ಬೇರೆ ಬೇರೆಯಾಗಿಯೇ ಇಟ್ಟಿದೆ. ‘ಬನೀ ಇಸ್ರಾಈಲ್’ ಅಧ್ಯಾಯದಲ್ಲಿ, ಮುಪ್ಪಿನ ತಂದೆತಾಯಿಯರ ಎದುರು ಬೇಸರದ ‘ಛೆ’ ಎಂಬ ಉದ್ಗಾರವನ್ನೂ ತೆಗೆಯಬಾರದೆಂದು ತಾಕೀತು ಮಾಡುತ್ತದೆ. ಅದೇ ಗ್ರಂಥ ‘ಅಲ್ ಬಕರ’ದಲ್ಲಿ, ಪೂರ್ವಿಕರು ನಡೆದ ದಾರಿಯನ್ನೇ ಹಿಡಿಯುತ್ತೇವೆ ಎನ್ನುವವರಿಗೆ, ಆ ಪೂರ್ವಿಕರು ವಿವೇಚಿಸದವರಾಗಿದ್ದರೆ ಏನು ಮಾಡುವಿರಿ ಎಂದು ಕೇಳುತ್ತದೆ. ಮುದುಕರಿಗೆ ಪೂರ್ತಿ ಮಮತೆ, ಮುದಿ ವಾದಕ್ಕೆ ಪೂರ್ತಿ ಪರೀಕ್ಷೆ.

ನಾವು ಮಾಡುತ್ತಿರುವುದು ಇದರ ತದ್ವಿರುದ್ಧ. ವೇದಿಕೆಯ ಮೇಲೆ ಸಾವಿರಾರು ವರ್ಷಗಳ ಪರಂಪರೆಗೆ ಹಾರ ಹಾಕುತ್ತೇವೆ. ಮನೆಯಲ್ಲಿ ಎಂಬತ್ತು ವರ್ಷದ ತಾಯಿಯ ಮಂಚವನ್ನು ಹಿತ್ತಿಲ ಕೋಣೆಗೆ ಸರಿಸುತ್ತೇವೆ. ಮಕ್ಕಳು ತಂದೆತಾಯಿಗೆ ಅನ್ನ ಹಾಕಬೇಕು ಎಂದು ಹೇಳಲು ಈ ದೇಶ 2007ರಲ್ಲಿ ಪೋಷಕರ ಮತ್ತು ಹಿರಿಯ ನಾಗರಿಕರ ಪೋಷಣೆ ಹಾಗೂ ಕಲ್ಯಾಣ ಕಾಯ್ದೆಯನ್ನೇ ತರಬೇಕಾಯಿತು. ಹಿರಿಯರನ್ನು ದೇವರೆಂದು ಕರೆಯುವ ನಾಡಿನಲ್ಲಿ ಅವರ ಊಟದ ಖರ್ಚಿಗೆ ಟ್ರಿಬ್ಯೂನಲ್ ಬೇಕಾಗಿದೆ ಎಂದರೆ, ನಮ್ಮ ಗೌರವ ಎಲ್ಲಿಗೆ ಸಲ್ಲುತ್ತಿದೆ ಎಂದು ಯೋಚಿಸಬೇಕಾಗುತ್ತದೆ.

ಅಡುಗೆಮನೆಯ ಹೆಂಗಸರಿಗೆ ಈ ವಿವೇಕ ಯಾವತ್ತೂ ಇತ್ತು. ಹಳೆಯ ಅಕ್ಕಿಯ ಅನ್ನ ಉದುರುದುರಾಗುತ್ತದೆಂದು ಅವರು ಅದನ್ನು ಕಾಪಾಡುತ್ತಾರೆ. ಬೂಷ್ಟು ಬಂದ ಉಪ್ಪಿನಕಾಯಿಯನ್ನು, ಭರಣಿ ಎಷ್ಟೇ ಹಳೆಯದಾಗಿರಲಿ, ಚೆಲ್ಲುತ್ತಾರೆ. ಭರಣಿಯನ್ನು ಮಾತ್ರ ಎಸೆಯುವುದಿಲ್ಲ. ತೊಳೆದು, ಬಿಸಿಲಿಗಿಟ್ಟು, ಮತ್ತೆ ತುಂಬುತ್ತಾರೆ. ಯಾವುದು ಹಳೆಯದು, ಯಾವುದು ಹಳಸಿದ್ದು ಎಂದು ತಿಳಿಯಲು ಅವರು ನಿಘಂಟು ನೋಡುವುದಿಲ್ಲ. ಮುಚ್ಚಳ ತೆರೆದು ಮೂಸಿ ನೋಡುತ್ತಾರೆ.