ನಗಿಸುವುದೂ ಕಾಯಕವೇ?

ಇಂಡಿ, ಸಿಂದಗಿ, ಮುದ್ದೇಬಿಹಾಳದ ಕಡೆ ಜಾತ್ರೆಗೆ ನಾಟಕ ಬಂತೆಂದರೆ ಬ್ಯಾನರಿನ ಮೇಲೆ ದಪ್ಪ ಅಕ್ಷರದಲ್ಲಿ ‘ಕಾಮಿಡಿ ಕಿಲಾಡಿಗಳು ಖ್ಯಾತಿಯ’ ಎಂದು ಒಂದು ಹೆಸರು ಇರಬೇಕು. ಟಿವಿಯಲ್ಲಿ ನಗಿಸಿದವರನ್ನು ಕಣ್ಣಾರೆ ನೋಡಲು ಜನ ಟಿಕೆಟ್ ತೆಗೆಸುತ್ತಾರೆ. ಇದೇ ವಿಜಯಪುರ ಜಿಲ್ಲೆಯ ಬಸವನ ಬಾಗೇವಾಡಿ, ದುಡಿಮೆಯನ್ನು ಪೂಜೆಯ ಮಟ್ಟಕ್ಕೆ ಏರಿಸಿದ ಬಸವಣ್ಣನ ಹುಟ್ಟೂರು. ನೇಯುವುದು, ಹಗ್ಗ ಹೊಸೆಯುವುದು, ದೋಣಿ ನಡೆಸುವುದು ಕಾಯಕವಾದರೆ ನಗಿಸುವುದು?

ಶರಣರು ಇದಕ್ಕೆ 12ನೇ ಶತಮಾನದಲ್ಲೇ ಉತ್ತರ ಕೊಟ್ಟಿದ್ದಾರೆ. ನಗೆಯ ಮಾರಿತಂದೆಗೆ ನಗಿಸುವುದೇ ಕಾಯಕ. ಬಹುರೂಪಿ ಚೌಡಯ್ಯ ವೇಷ ಹಾಕಿ ಉಂಡವನು. ಇಬ್ಬರೂ ವಚನಕಾರರೇ, ‘ಆತುರವೈರಿ ಮಾರೇಶ್ವರ’ ಎಂಬ ಅಂಕಿತದ ಮಾರಿತಂದೆಯ ವಚನಗಳಂತೂ ಬರೀ ಚಟಾಕಿಗಳಲ್ಲ.

ಈ ಕಾಲದಲ್ಲಿ ಆ ದುಡಿಮೆ ಹೇಗಿರುತ್ತದೆಂದು ನೋಡಲು ಉಡುಪಿ ಹೂಡೆಯ ರಾಕೇಶ್ ಪೂಜಾರಿ ಸಾಕು. ತುಳು ರಂಗದಲ್ಲಿ ಪಳಗಿ ಬಂದ ಹುಡುಗ. ಜೀ ಕನ್ನಡದ ‘ಕಾಮಿಡಿ ಕಿಲಾಡಿಗಳು’ ಎರಡನೇ ಸೀಸನ್ನಿನಲ್ಲಿ ಪಟ್ಟ ಕೈತಪ್ಪಿದರೂ ಮತ್ತೆ ಬಂದು, 2020ರಲ್ಲಿ ಮೂರನೇ ಸೀಸನ್ ಗೆದ್ದರು. 2025ರ ಮೇ 12ರ ನಸುಕಿನಲ್ಲಿ, ಕಾರ್ಕಳದ ಬಳಿ ಮೆಹೆಂದಿ ಕಾರ್ಯಕ್ರಮವೊಂದಕ್ಕೆ ಹೋಗಿದ್ದಾಗ ಹೃದಯಾಘಾತದಿಂದ ತೀರಿಕೊಂಡರು. ಅವರು ನಟಿಸಿದ್ದ ‘ಕಾಂತಾರ: ಅಧ್ಯಾಯ 1’ ತೆರೆಗೆ ಬಂದದ್ದು ಅಕ್ಟೋಬರ್ 2ಕ್ಕೆ. ಸತ್ತವರ ಆಟಕ್ಕೆ ನಗುವುದು ತಪ್ಪೇ ಎಂದು ಯಾರೂ ಕೇಳಲಿಲ್ಲ. ಕೇಳಬೇಕಾಗಿಯೂ ಇರಲಿಲ್ಲ, ಮಾಡಿದವನು ಹೋದರೂ ಮಾಡಿದ ಕೆಲಸ ನಾಲ್ಕು ಜನಕ್ಕೆ ಒದಗಿದರೆ ಶರಣರ ಲೆಕ್ಕದಲ್ಲಿ ಅದು ದಾಸೋಹವೇ.

ತೊಡಕಿರುವುದು ಬೇರೆ ಕಡೆ. ಕಾಯಕವೆಂದರೆ ಬರೀ ಬೆವರಲ್ಲ, ಗಳಿಕೆಯೂ ಶುದ್ಧವಾಗಿರಬೇಕು. ಶರಣ ಆಯ್ದಕ್ಕಿ ಮಾರಯ್ಯ ಒಮ್ಮೆ ದಿನದ ಅಗತ್ಯಕ್ಕಿಂತ ಹೆಚ್ಚು ಅಕ್ಕಿ ಆಯ್ದು ತಂದಾಗ ಹೆಂಡತಿ ಲಕ್ಕಮ್ಮ ಅದನ್ನು ಆಯ್ದಲ್ಲೇ ಸುರಿದು ಬರಲು ಕಳಿಸಿದಳಂತೆ. ಟಿವಿಯ ನಗೆಯಲ್ಲೂ ಇಂಥ ಹೆಚ್ಚಿನ ಅಕ್ಕಿ ಇದೆ: ಕಪ್ಪು ಮೈಬಣ್ಣ, ದಪ್ಪ ಹೆಂಡತಿ, ತೊದಲು ಮಾತು, ಸೀರೆ ಉಟ್ಟ ಗಂಡಸು. ಸುಲಭಕ್ಕೆ ಸಿಗುತ್ತದೆ, ಆದರೆ ಇನ್ನೊಬ್ಬರ ಪಾಲಿನದು. ‘ಜನ ನಕ್ಕರಲ್ಲ’ ಎಂಬ ಸಮರ್ಥನೆ ಇಲ್ಲಿ ನಡೆಯದು. ಮಾರಯ್ಯನ ಅಕ್ಕಿಯೂ ಕದ್ದದ್ದಾಗಿರಲಿಲ್ಲ.

ಕಲಾವಿದನೊಬ್ಬನನ್ನೇ ಕಟಕಟೆಗೆ ನಿಲ್ಲಿಸುವುದೂ ನ್ಯಾಯವಲ್ಲ. ಸ್ಕಿಟ್ ಬರೆಯುವವರು ಒಬ್ಬರು, ತಿದ್ದುವವರು ಇನ್ನೊಬ್ಬರು, ಪ್ರಸಾರಕ್ಕೆ ಒಪ್ಪುವವರು ಮತ್ತೊಬ್ಬರು. ಮಾರಯ್ಯನ ಮನೆಯಲ್ಲಿ ಸಾಕು ಎನ್ನಲು ಲಕ್ಕಮ್ಮ ಇದ್ದಳು. ವಾರವಾರ ಟಿಆರ್‌ಪಿ ನೋಡುವ ಕಚೇರಿಯಲ್ಲಿ ಆ ಮಾತು ಆಡುವ ಕೆಲಸಕ್ಕೆ ಯಾರನ್ನೂ ನೇಮಿಸಿಕೊಂಡಿರುವುದಿಲ್ಲ.